ಬೆಂಗಳೂರಿಗೆ ಕಾನ್ಸುಲೇಟ್ ಬಂದಿದೆ, ವೀಸಾ ಯಾಕೆ ಬಂದಿಲ್ಲ?

ಧನುರ್ಮಾಸ ಹಿಡಿಯುವುದರೊಳಗೆ ಮನೆಯ ಮದುವೆ ಮುಗಿಸುವುದು, ಹಾಗೇ ಚೆನ್ನೈಗೋ ಹೈದರಾಬಾದಿಗೋ ಹೋಗಿ ಪಾಸ್‌ಪೋರ್ಟಿಗೆ ವೀಸಾ ಹಚ್ಚಿಸಿಕೊಳ್ಳುವುದು, ಜನವರಿಗೆ ಅಮೆರಿಕಕ್ಕೆ ವಾಪಸಾಗುವುದು. ಹುಬ್ಬಳ್ಳಿ-ಧಾರವಾಡದ ಸಾಫ್ಟ್‌ವೇರ್ ಮಂದಿ ವರ್ಷಗಳಿಂದ ರಜೆಯ ಲೆಕ್ಕ ಹಾಕುತ್ತ ಬಂದದ್ದು ಹೀಗೆ. 2025ರ ಡಿಸೆಂಬರ್‌ನಲ್ಲಿ ಈ ಲೆಕ್ಕ ಬುಡಮೇಲಾಯಿತು. ಡಿಸೆಂಬರ್ 15ರ ನಂತರ ಸಂದರ್ಶನವಿದ್ದ ಅನೇಕ ಎಚ್-1ಬಿ (ಅಮೆರಿಕದ ನೌಕರಿ ವೀಸಾ) ಮತ್ತು ಎಚ್-4 (ಅವರ ಹೆಂಡತಿ ಅಥವಾ ಗಂಡ, ಮಕ್ಕಳ ವೀಸಾ) ಅರ್ಜಿದಾರರಿಗೆ ಇಮೇಲ್ ಬಂತು: ನಿಮ್ಮ ದಿನಾಂಕ 2026ರ ಮಾರ್ಚಿಗೆ ಅಥವಾ ಅದಕ್ಕೂ ಆಚೆಗೆ ಹೋಗಿದೆ, ಹಳೆಯ ದಿನಾಂಕಕ್ಕೆ ಬಂದರೆ ಒಳಗೆ ಬಿಡುವುದಿಲ್ಲ.

ಊರಿನ ಹಿರಿಯರಿಗೆ ಇದರಲ್ಲಿ ಎರಡು ವಿಷಯ ಬಗೆಹರಿಯುತ್ತಿಲ್ಲ. ಅಮೆರಿಕದಲ್ಲಿ ನೌಕರಿ ಇದೆ, ಸಂಬಳ ಬರುತ್ತಿದೆ, ಹಾಗಿದ್ದಮೇಲೆ ವಾಪಸ್ ಹೋಗಲಿಕ್ಕೆ ತಡೆ ಏನು? ಎರಡನೆಯದು, 2025ರ ಜನವರಿಯಲ್ಲೇ ಬೆಂಗಳೂರಿನಲ್ಲಿ ಅಮೆರಿಕದ ಕಾನ್ಸುಲೇಟ್ ಉದ್ಘಾಟನೆಯಾಗಿದೆಯಲ್ಲ, ಮತ್ತೆ ಚೆನ್ನೈ ಯಾಕೆ? ಇದನ್ನು ಬರೀ ರಾಜಕೀಯ ಎಂದು ತಳ್ಳಿಹಾಕುವವರಿದ್ದಾರೆ. ರಾಜಕೀಯ ಇದೆ, ನಿಜ. ಆದರೆ ಅದು ನಮ್ಮವರಿಗೆ ತಟ್ಟುವುದು ಕಾನ್ಸುಲೇಟಿನ ಕಿಟಕಿಯಾಚೆ ಕೂತು ವೀಸಾ ಸಂದರ್ಶನ ಮಾಡುವ ಅಧಿಕಾರಿಗಳ ಕೊರತೆಯ ಮೂಲಕ. ಈ ಕೊರತೆ ಹಣ ಕೊಟ್ಟರೆ ನಾಳೆಯೇ ತುಂಬುವಂಥದ್ದಲ್ಲ.

ವೀಸಾ ಬೇರೆ, ಇರುವ ಹಕ್ಕು ಬೇರೆ

ಪಾಸ್‌ಪೋರ್ಟಿನಲ್ಲಿ ಅಂಟಿಸುವ ವೀಸಾ, ಅಮೆರಿಕದ ಬಾಗಿಲಿಗೆ ಬಂದು ಪ್ರವೇಶ ಕೇಳಲು ಕೊಡುವ ಅನುಮತಿ. ಒಳಗೆ ಎಷ್ಟು ದಿನ ಇರಬಹುದು ಎಂಬುದನ್ನು ಹೇಳುವುದು ಐ-94 ಎಂಬ ಬೇರೆ ದಾಖಲೆ. ಯಾವ ಕಂಪನಿಗೆ ಕೆಲಸ ಮಾಡಬಹುದು ಎಂಬುದಕ್ಕೆ ಆಧಾರ, ಕಂಪನಿ ಸಲ್ಲಿಸಿದ ಅರ್ಜಿಗೆ ಅಲ್ಲಿನ ವಲಸೆ ಇಲಾಖೆ ಕೊಟ್ಟ ಮಂಜೂರಾತಿ ಪತ್ರ. ಹಾಗಾಗಿ ವೀಸಾದ ಅವಧಿ ಮುಗಿದರೂ ಅಲ್ಲೇ ಇರುವವರು ಕಾನೂನುಬದ್ಧವಾಗಿ ಕೆಲಸ ಮಾಡುತ್ತ ಇರಬಹುದು. ಓದಲು ಹೋಗಿ, ಅಲ್ಲೇ ಎಚ್-1ಬಿಗೆ ಬದಲಾದವರ ಪಾಸ್‌ಪೋರ್ಟಿನಲ್ಲಿ ಹೊರಗೆ ಬಂದು ಹಚ್ಚಿಸಿಕೊಳ್ಳುವತನಕ ಎಚ್-1ಬಿ ವೀಸಾ ಒಮ್ಮೆಯೂ ಅಚ್ಚಾಗಿರುವುದಿಲ್ಲ.

ತೊಂದರೆ ಶುರುವಾಗುವುದು ದೇಶ ಬಿಟ್ಟು ಹೊರಗೆ ಬಂದಾಗ. ಮರಳಿ ಒಳಗೆ ಹೋಗಲು ಹೊಸ ವೀಸಾ ಬೇಕು, ಅದನ್ನು ಕೊಡುವುದು ಅಮೆರಿಕದ ಹೊರಗಿನ ಕಾನ್ಸುಲೇಟ್ ಮಾತ್ರ. ಮೊದಲು ಅಮೆರಿಕದೊಳಗೇ ನವೀಕರಿಸಿಕೊಳ್ಳುವ ಸೌಲಭ್ಯವಿತ್ತು. ಬೆರಳಚ್ಚು ಕಡ್ಡಾಯವಾದ ಮೇಲೆ 2004ರಲ್ಲಿ ಅದು ನಿಂತಿತು. 2024ರ ಜನವರಿ-ಫೆಬ್ರವರಿಯಲ್ಲಿ 20 ಸಾವಿರ ಜನರ ಮಿತಿಯಲ್ಲಿ ಪ್ರಾಯೋಗಿಕವಾಗಿ ಮತ್ತೆ ನಡೆಸಿ ನೋಡಿದರಾದರೂ ಅದು ಅಲ್ಲಿಗೇ ಉಳಿಯಿತು. ಹುಬ್ಬಳ್ಳಿಯ ಹುಡುಗನಿಗೆ ನೌಕರಿ ಇದ್ದೂ ದಾರಿ ಇಲ್ಲದ್ದು ಇದರಿಂದ.

ಒಂದರ ಮೇಲೊಂದು ನಿಯಮ

2025ರಲ್ಲಿ ಆದ ಬದಲಾವಣೆಗಳನ್ನು ಬಿಡಿಬಿಡಿಯಾಗಿ ನೋಡಿದರೆ ಯಾವುದೂ ಅಂಥ ದೊಡ್ಡದಲ್ಲ. ಒಂದರ ಬೆನ್ನಿಗೆ ಇನ್ನೊಂದು ಬಂದದ್ದರಿಂದ ಗಂಟು ಬಿಗಿಯಿತು.

ಮೇ ಕೊನೆಯಲ್ಲಿ ವಿದ್ಯಾರ್ಥಿ ವೀಸಾದ ಹೊಸ ಸಂದರ್ಶನಗಳನ್ನು ನಿಲ್ಲಿಸಿದರು. ಜೂನ್‌ನಲ್ಲಿ ಮತ್ತೆ ತೆರೆದಾಗ ವಿದ್ಯಾರ್ಥಿಗಳು ತಮ್ಮ ಸಾಮಾಜಿಕ ಜಾಲತಾಣದ ಖಾತೆಗಳನ್ನು ಎಲ್ಲರಿಗೂ ಕಾಣುವಂತೆ ಇಡಬೇಕೆಂಬ ನಿಯಮ ಬಂತು. ಸೆಪ್ಟೆಂಬರ್ 2ರಿಂದ, ಸಂದರ್ಶನವಿಲ್ಲದೆ ಕಾಗದಪತ್ರ ಡಬ್ಬಿಗೆ ಹಾಕಿ ಬರುವ ಡ್ರಾಪ್‌ಬಾಕ್ಸ್ ಸೌಲಭ್ಯ ಎಚ್-1ಬಿ ಸೇರಿದಂತೆ ಹೆಚ್ಚಿನ ವರ್ಗಗಳಿಗೆ ಹೋಯಿತು. 14ಕ್ಕಿಂತ ಚಿಕ್ಕ ಮಕ್ಕಳು, 79 ದಾಟಿದ ಹಿರಿಯರು ಕೂಡ ಸಾಮಾನ್ಯವಾಗಿ ಖುದ್ದು ಹಾಜರಾಗಬೇಕಾಯಿತು. ಅದೇ ಸೆಪ್ಟೆಂಬರ್ 6ರ ಸೂಚನೆಯಂತೆ ಅರ್ಜಿದಾರರು ತಮ್ಮ ಪೌರತ್ವದ ಅಥವಾ ಕಾಯಂ ವಾಸದ ದೇಶದಲ್ಲೇ ಸಂದರ್ಶನಕ್ಕೆ ಹೋಗಬೇಕು. ಬೇರೆ ದೇಶದಲ್ಲಿ ಖಾಲಿ ಸ್ಲಾಟ್ ಹುಡುಕಿ ಹೋಗುತ್ತಿದ್ದ ಭಾರತೀಯರೂ ಇದರಿಂದ ಭಾರತದ ಸಾಲಿಗೇ ಬಂದು ನಿಂತರು. ಕೊನೆಗೆ ಡಿಸೆಂಬರ್ 15ರಿಂದ ಜಾಲತಾಣ ಪರಿಶೀಲನೆ ಎಚ್-1ಬಿ ಮತ್ತು ಎಚ್-4ಕ್ಕೂ ವಿಸ್ತರಿಸಿತು.

ಮೊದಲ ಮೂರು ಸಾಲನ್ನು ಉದ್ದ ಮಾಡಿದವು, ಕೊನೆಯದು ಸಾಲು ಮುಂದೆ ಸರಿಯುವ ವೇಗವನ್ನೇ ಇಳಿಸಿತು.

ಕಿಟಕಿಯ ಗಣಿತ

ವೀಸಾ ಸಂದರ್ಶನ ಸಾಮಾನ್ಯವಾಗಿ ಕೆಲವೇ ನಿಮಿಷದ ಮಾತು. ಕಾರಣ ತಿಳಿಯಲು ಒಂದು ಅಂದಾಜಿನ ಲೆಕ್ಕ ಹಾಕೋಣ. ಇದು ಯಾವ ಕಾನ್ಸುಲೇಟಿನ ನಿಜವಾದ ಅಂಕಿಯೂ ಅಲ್ಲ.

ಒಬ್ಬ ಅಧಿಕಾರಿ ದಿನಕ್ಕೆ 6 ಗಂಟೆ, ಅಂದರೆ 360 ನಿಮಿಷ ಕಿಟಕಿಯಲ್ಲಿ ಕೂರುತ್ತಾರೆ ಎನ್ನಿ. ಒಬ್ಬರಿಗೆ 3 ನಿಮಿಷದಂತೆ ದಿನಕ್ಕೆ 120 ಅರ್ಜಿ ಮುಗಿಯುತ್ತದೆ. ಅಂಥ 10 ಅಧಿಕಾರಿಗಳಿದ್ದರೆ 1,200. ಈಗ ಪ್ರತಿ ಅರ್ಜಿದಾರನ ಖಾತೆಗಳನ್ನು ನೋಡಲು ಇನ್ನು 10 ನಿಮಿಷ ಸೇರಿಸಿ. ಒಬ್ಬರಿಗೆ 13 ನಿಮಿಷವಾಯಿತು. ಅದೇ 10 ಅಧಿಕಾರಿಗಳು ಅದೇ 6 ಗಂಟೆಯಲ್ಲಿ ಮುಗಿಸಬಲ್ಲದ್ದು ಸುಮಾರು 277 ಅರ್ಜಿ. ಬರುವವರು 1,200, ಹೋಗುವವರು 277. ದಿನಕ್ಕೆ 900ಕ್ಕೂ ಹೆಚ್ಚು ಜನ ಉಳಿದರೆ ಕೆಲಸದ 20 ದಿನಗಳಲ್ಲಿ 18 ಸಾವಿರಕ್ಕೂ ಹೆಚ್ಚು ಬಾಕಿ ಬೀಳುತ್ತದೆ. ದಿನಾಂಕ ಡಿಸೆಂಬರ್‌ನಿಂದ ಮಾರ್ಚಿಗೆ ಹಾರುವುದು ಹೀಗೆ.

ಹೆಚ್ಚಿನವರು ಗಮನಿಸದ ಇನ್ನೊಂದು ಸಂಗತಿ ಇದೆ. ನಾಳೆ ಆ 10 ನಿಮಿಷದ ನಿಯಮ ತೆಗೆದುಹಾಕಿದರೂ ಬಾಕಿ ಕರಗುವುದಿಲ್ಲ. ದಿನಕ್ಕೆ 1,200 ಬಂದು 1,200 ಮುಗಿದರೆ ಹಳೆಯ 18 ಸಾವಿರ ಹಾಗೇ ಕೂತಿರುತ್ತದೆ. ಒಬ್ಬ ಅಧಿಕಾರಿಯನ್ನು ಹೆಚ್ಚಿಗೆ ಕೊಟ್ಟು ದಿನಕ್ಕೆ 1,320 ಮಾಡಿದರೂ ಅದನ್ನು ಇಳಿಸಲು ಕೆಲಸದ 150ಕ್ಕೂ ಹೆಚ್ಚು ದಿನ ಬೇಕು, ಅಂದರೆ ಹತ್ತಿರಹತ್ತಿರ ಏಳು ತಿಂಗಳು. ತಿಂಗಳೊಪ್ಪತ್ತಿನಲ್ಲಿ ಆದ ಗಂಟನ್ನು ಬಿಡಿಸಲು ಅರ್ಧ ವರ್ಷ ಹಿಡಿಯುತ್ತದೆ. "ನಿಯಮ ಸಡಿಲವಾಯಿತಂತೆ" ಎಂಬ ಸುದ್ದಿ ಕೇಳಿ ಆ ವಾರವೇ ಟಿಕೆಟ್ ಮಾಡಿಸುವವರು ಇದನ್ನು ನೆನಪಿಡಬೇಕು.

ಹಾಗಾದರೆ ಜನರನ್ನು ಹೆಚ್ಚಿಸಬಾರದೇ?

ಹೆಚ್ಚಿಸಿದರೆ ಫಲ ಸಿಗುತ್ತದೆ ಎಂಬುದಕ್ಕೆ ಅಮೆರಿಕವೇ ಸಾಕ್ಷಿ. ಕೋವಿಡ್ ನಂತರ ಭಾರತದಲ್ಲಿ ಪ್ರವಾಸಿ ವೀಸಾಕ್ಕೆ ಕಾಯುವ ಅವಧಿ ಸಾವಿರ ದಿನ ದಾಟಿತ್ತು. 2023ರ ಆರಂಭದಲ್ಲಿ ವಾಷಿಂಗ್ಟನ್‌ನಿಂದ ಮತ್ತು ಬೇರೆ ದೇಶಗಳಿಂದ ತಾತ್ಕಾಲಿಕವಾಗಿ ಅಧಿಕಾರಿಗಳನ್ನು ಇಲ್ಲಿಗೆ ಕರೆಸಿದರು, ಶನಿವಾರವೂ ಕಿಟಕಿ ತೆರೆದರು. ಆ ವರ್ಷ ಭಾರತದಲ್ಲಿ ದಾಖಲೆಯ 14 ಲಕ್ಷ ವೀಸಾ ಅರ್ಜಿಗಳು ವಿಲೇವಾರಿಯಾದವು, ಕಾಯುವ ಅವಧಿ ಸರಾಸರಿ 250 ದಿನಕ್ಕೆ ಇಳಿಯಿತು.

ಆದರೆ ಎರವಲು ಬಂದವರು ಮರಳಿ ಹೋಗುತ್ತಾರೆ. ಕಾಯಂ ಅಧಿಕಾರಿಯನ್ನು ತಯಾರು ಮಾಡುವುದು ಬೇರೆ ಕೆಲಸ. ವೀಸಾ ಕೊಡುವ, ನಿರಾಕರಿಸುವ ಅಧಿಕಾರ ಇರುವುದು ಅಮೆರಿಕದ ಪ್ರಜೆಯಾದ, ಕಾನ್ಸುಲರ್ ಅಧಿಕಾರ ಪಡೆದ ಅಧಿಕಾರಿಗೆ ಮಾತ್ರ. ಪರೀಕ್ಷೆ, ಹಿನ್ನೆಲೆ ತನಿಖೆ, ಮೂಲ ತರಬೇತಿ, ಕಾನ್ಸುಲರ್ ತರಬೇತಿ, ಭಾಷೆ ಎಲ್ಲ ಮುಗಿಯಬೇಕು. ಅವರ ತರಬೇತಿ ಸಂಸ್ಥೆಯ ಲೆಕ್ಕದಲ್ಲಿ ಹಿಂದಿಗೆ 44 ವಾರ, ಅರಬ್ಬಿ, ಚೀನಿ, ಜಪಾನಿ ಭಾಷೆಗಳಿಗೆ 88 ವಾರ. ಹೊಸಬರ ಮೊದಲ ಪೋಸ್ಟಿಂಗ್ ಎರಡೇ ವರ್ಷದ್ದು. ಇಲ್ಲಿಯ ಊರು, ಕಾಲೇಜು, ಅಂಕಪಟ್ಟಿಗಳ ರೀತಿ ಕೈಗೆ ಹತ್ತುವ ಹೊತ್ತಿಗೆ ವರ್ಗಾವಣೆ ಬಂದಿರುತ್ತದೆ.

ಈ ಕೊರತೆಯನ್ನು ತುಂಬಿಕೊಡುವವರು ಸ್ಥಳೀಯ ನೌಕರರು. ಕಾನ್ಸುಲೇಟಿನೊಳಗೆ ಕಡತ ಜೋಡಿಸುವ, ನಕಲಿ ಪ್ರಮಾಣಪತ್ರ ಗುರುತಿಸುವ ಭಾರತೀಯ ಸಿಬ್ಬಂದಿ ಇಪ್ಪತ್ತು ವರ್ಷದಿಂದ ಅದೇ ಕೆಲಸ ಮಾಡುತ್ತಿರಬಹುದು. ಸಹಿ ಹಾಕುವ ಅಧಿಕಾರ ಮಾತ್ರ ಅವರಿಗಿಲ್ಲ. ವಿದೇಶದಲ್ಲಿ ಕೆಲಸ ಮಾಡುವ ಯಾವ ಸಂಸ್ಥೆಯ ಕಥೆಯೂ ಬಹುಮಟ್ಟಿಗೆ ಇದೇ: ತಿಳಿವಳಿಕೆ ಸ್ಥಳೀಯರಲ್ಲಿ, ಅಧಿಕಾರ ಹೊರಗಿನಿಂದ ಬಂದವರಲ್ಲಿ. 2025ರ ಜುಲೈ 1ರಂದು ಅಮೆರಿಕದ ವಿದೇಶಿ ನೆರವಿನ ಸಂಸ್ಥೆ ಯುಎಸ್‌ಏಡ್ ಮುಚ್ಚಿದಾಗ ಅನೇಕ ದೇಶಗಳಲ್ಲಿ ಹೀಗೆ ವರ್ಷಗಟ್ಟಲೆ ಕೂಡಿದ್ದ ತಿಳಿವಳಿಕೆ ಒಮ್ಮೆಲೇ ಚದುರಿತು.

ಹಣದ ಮೂಲವೂ ವಿಚಿತ್ರ. ಕಾನ್ಸುಲರ್ ವಿಭಾಗ ಬಹುಪಾಲು ನಡೆಯುವುದು ಅರ್ಜಿ ಶುಲ್ಕದಿಂದಲೇ. ಪ್ರವಾಸಿ ವೀಸಾಕ್ಕೆ 185 ಡಾಲರ್, ಎಚ್-1ಬಿಗೆ 205. ಕೋವಿಡ್‌ನಲ್ಲಿ ಅರ್ಜಿ ನಿಂತಿತು, ಶುಲ್ಕ ನಿಂತಿತು, ನೇಮಕಾತಿ ನಿಂತಿತು. ಜನ ಒಮ್ಮೆಲೇ ಮರಳಿದಾಗ ಕಿಟಕಿಗಳು ಖಾಲಿ ಇದ್ದವು. 2025ರ ಜುಲೈ 11ರಂದು ಅಮೆರಿಕದ ವಿದೇಶಾಂಗ ಇಲಾಖೆ 1,300ಕ್ಕೂ ಹೆಚ್ಚು ಜನರನ್ನು ಕೆಲಸದಿಂದ ತೆಗೆಯಿತು. ಅವರಲ್ಲಿ 246 ಮಂದಿ ವಿದೇಶಾಂಗ ಸೇವೆಯ ಅಧಿಕಾರಿಗಳು. ಇವರೆಲ್ಲ ಆಗ ಅಮೆರಿಕದೊಳಗಿನ ಹುದ್ದೆಗಳಲ್ಲಿದ್ದವರು, ಚೆನ್ನೈ ಕಿಟಕಿಯಿಂದ ಎದ್ದುಹೋದವರಲ್ಲ. ಆದರೂ ಮುಂದಿನ ವರ್ಗಾವಣೆಯ ಸುತ್ತಿನಲ್ಲಿ ಹೊರದೇಶಕ್ಕೆ ಬರಬಹುದಾಗಿದ್ದ ಅನುಭವಿಗಳ ಪಟ್ಟಿ ಅಷ್ಟರಮಟ್ಟಿಗೆ ಚಿಕ್ಕದಾಯಿತು.

ಬೆಂಗಳೂರಿನ ಬೋರ್ಡು

2025ರ ಜನವರಿ 17ರಂದು ಬೆಂಗಳೂರು ಕಾನ್ಸುಲೇಟ್ ಶುರುವಾದದ್ದು ಒಂದು ಹೋಟೆಲಿನಲ್ಲಿ, ತಾತ್ಕಾಲಿಕ ಕಚೇರಿಯಾಗಿ. ವೀಸಾ ಸೇವೆ ಆಮೇಲೆ ಎಂದು ಅಂದೇ ಹೇಳಿದ್ದರು. ಸುದ್ದಿಯ ತಲೆಬರಹದಲ್ಲಿ ಆ ಮಾತು ಉಳಿಯಲಿಲ್ಲ. ತಾಲ್ಲೂಕು ಆಸ್ಪತ್ರೆಗೆ ಬೋರ್ಡು ಬರೆಸಿದ ಮಾತ್ರಕ್ಕೆ ಹೆರಿಗೆ ತಜ್ಞರು ಬಂದು ಕೂರುವುದಿಲ್ಲವಲ್ಲ, ಇಲ್ಲೂ ಹಾಗೆಯೇ.

ವೀಸಾ ಕೊಡಲು ಬೇಕಾದದ್ದು ದೊಡ್ಡ ಪಟ್ಟಿ: ಗುಂಡು ತಡೆಯುವ ಗಾಜಿನ ಕಿಟಕಿಗಳು, ಬೆರಳಚ್ಚು ಯಂತ್ರ, ಸುರಕ್ಷಿತ ಜಾಲ, ದಿನಕ್ಕೆ ನೂರಾರು ಜನ ತಪಾಸಣೆ ದಾಟಿ ಕೂರುವ ಜಾಗ. 1998ರಲ್ಲಿ ನೈರೋಬಿ ಮತ್ತು ದಾರ್ ಎಸ್ ಸಲಾಮ್‌ನ ಅಮೆರಿಕ ರಾಯಭಾರ ಕಚೇರಿಗಳ ಮೇಲೆ ಬಾಂಬ್ ದಾಳಿಯಾದ ಮೇಲೆ, 1999ರಲ್ಲಿ ಬಂದ ಕಾನೂನು ಹೊಸ ಕಟ್ಟಡ ಆವರಣದ ಅಂಚಿನಿಂದ ಕನಿಷ್ಠ 100 ಅಡಿ ದೂರದಲ್ಲಿರಬೇಕು ಎಂದಿತ್ತು. ವಿನಾಯಿತಿ ಇತ್ತು, ಸುಲಭವಾಗಿರಲಿಲ್ಲ. ಬೆಂಗಳೂರಿನ ನಡುವೆ ಅಂಥ ಜಾಗ ಹುಡುಕುವುದೆಂದರೆ ಏನು ಎಂದು ಅಲ್ಲಿ ಮನೆ ಕಟ್ಟಿಸಿದವರನ್ನು ಕೇಳಬೇಕು.

ಕಟ್ಟಡ ಸಿಕ್ಕರೂ ಹುದ್ದೆ ಬೇಕು. ಒಟ್ಟು ಅಧಿಕಾರಿಗಳ ಸಂಖ್ಯೆ ಏರದಿದ್ದರೆ ಬೆಂಗಳೂರಿನ ಕಿಟಕಿಗೆ ಬರುವವರು ಚೆನ್ನೈ ಅಥವಾ ಹೈದರಾಬಾದಿನಿಂದಲೇ ಎದ್ದು ಬರಬೇಕು. ಆಗ ಹುಬ್ಬಳ್ಳಿಯವರಿಗೆ ಪ್ರಯಾಣ ಕಡಿಮೆಯಾದೀತು, ಕಾಯುವ ತಿಂಗಳುಗಳು ಅಷ್ಟೇ ಇರುತ್ತವೆ. ಬೆಂಗಳೂರಿನಲ್ಲಿ ವೀಸಾ ಕೊಡಿ ಎಂದು ಮನವಿ ಕೊಡುವವರು ಹೊಸ ಹುದ್ದೆ ಎಷ್ಟು ಎಂದೂ ಕೇಳುವುದು ಒಳ್ಳೆಯದು.

ಯಾರು ಏನು ಹೇಳುತ್ತಾರೆ

ಅಮೆರಿಕ ಸರ್ಕಾರದ ನಿಲುವು ನೇರ: ವೀಸಾ ಯಾರ ಹಕ್ಕೂ ಅಲ್ಲ, ಭದ್ರತೆಯ ತಪಾಸಣೆಗೆ ಎಷ್ಟು ಹೊತ್ತು ಬೇಕೋ ಅಷ್ಟು ತೆಗೆದುಕೊಳ್ಳುತ್ತೇವೆ. ಕಂಪನಿಗಳ ವಾದ, ವರ್ಷಗಟ್ಟಲೆ ಅಲ್ಲೇ ಇದ್ದು ತೆರಿಗೆ ಕಟ್ಟಿದವರನ್ನು ಹೊಸಬರ ಸಾಲಿನಲ್ಲಿ ನಿಲ್ಲಿಸುವುದರಿಂದ ಯಾವ ಭದ್ರತೆ ಹೆಚ್ಚುತ್ತದೆ ಎಂಬುದು. ಭಾರತದ ವಿದೇಶಾಂಗ ಸಚಿವಾಲಯ ಡಿಸೆಂಬರ್ ಕೊನೆಯಲ್ಲಿ, ವೀಸಾ ಆಯಾ ದೇಶದ ಅಧಿಕಾರಕ್ಕೆ ಬಿಟ್ಟದ್ದು ಎಂದು ಒಪ್ಪುತ್ತಲೇ, ಜನರ ತೊಂದರೆಯನ್ನು ಅಮೆರಿಕದ ಮುಂದೆ ಇಟ್ಟಿದ್ದೇವೆ ಎಂದಿತು. ಅದಕ್ಕಿಂತ ಹೆಚ್ಚು ಅದು ಮಾಡುವಂತೆಯೂ ಇಲ್ಲ.

ತಪಾಸಣೆ ಬೇಕೋ ಬೇಡವೋ ಎಂಬುದು ಅವರ ದೇಶದ ತೀರ್ಮಾನ. ತಪಾಸಣೆಯ ಕೆಲಸ ಹೆಚ್ಚಿಸಿ ತಪಾಸಕರನ್ನು ಹೆಚ್ಚಿಸದಿರುವುದು ಮಾತ್ರ ಕೆಟ್ಟ ಆಡಳಿತ.

ನಮ್ಮ ಕಚೇರಿಗಳ ಮಾತೇನು?

ಅಮೆರಿಕವನ್ನು ದೂರುವ ಮುನ್ನ ನಮ್ಮ ರಾಯಭಾರ ಕಚೇರಿಗಳ ಲೆಕ್ಕವನ್ನೂ ನೋಡಬೇಕು. ವಿದೇಶಾಂಗ ವ್ಯವಹಾರಗಳ ಸಂಸದೀಯ ಸ್ಥಾಯಿ ಸಮಿತಿ 2023ರಲ್ಲಿ ಕೊಟ್ಟ ವರದಿಯಂತೆ ಸಚಿವಾಲಯದ ಎಲ್ಲ ವೃಂದಗಳ ಒಟ್ಟು ಬಲ 4,888; ಅದರಲ್ಲಿ ಭಾರತೀಯ ವಿದೇಶಾಂಗ ಸೇವೆಯ (ಐಎಫ್‌ಎಸ್) ಅಧಿಕಾರಿಗಳು 1,011. ಈ ಅಧಿಕಾರಿಗಳಲ್ಲಿ ಹೊರದೇಶಗಳಲ್ಲಿ ಇದ್ದವರು 667. ಭಾರತೀಯರು ಮತ್ತು ಭಾರತೀಯ ಮೂಲದವರು ಸೇರಿ ಹೊರಗಿರುವವರು ಸುಮಾರು ಮೂರೂವರೆ ಕೋಟಿ. ಈಚಿನ ವರ್ಷಗಳಲ್ಲಿ ಯುಪಿಎಸ್‌ಸಿ ಈ ಸೇವೆಗೆ ತೆಗೆದುಕೊಂಡದ್ದು ವರ್ಷಕ್ಕೆ ನೂರಕ್ಕಿಂತ ಬಹಳ ಕಡಿಮೆ ಜನರನ್ನು. ಆಯ್ಕೆಯಾದವರು ಒಂದು ವಿದೇಶಿ ಭಾಷೆ ಕಲಿತು ಪಾಸಾದ ಮೇಲೆಯೇ ಸೇವೆಯಲ್ಲಿ ಕಾಯಂ.

ಇದರ ಪರಿಣಾಮ ಏನೆಂದು ಹಾವೇರಿ ಜಿಲ್ಲೆ ಕಂಡಿದೆ. 2022ರ ಮಾರ್ಚ್ 1ರಂದು ರಾಣೆಬೆನ್ನೂರು ತಾಲ್ಲೂಕಿನ ಚಳಗೇರಿಯ ವೈದ್ಯಕೀಯ ವಿದ್ಯಾರ್ಥಿ ಉಕ್ರೇನಿನ ಹಾರ್ಕೀವ್‌ನಲ್ಲಿ ದಾಳಿಗೆ ಬಲಿಯಾದ. ಪಾರ್ಥಿವ ಶರೀರ ಬೆಂಗಳೂರಿಗೆ ಬಂದದ್ದು ಮಾರ್ಚ್ 21ಕ್ಕೆ. ಅಷ್ಟರಲ್ಲಿ ಕೀವ್‌ನ ನಮ್ಮ ರಾಯಭಾರ ಕಚೇರಿಯನ್ನೇ ತಾತ್ಕಾಲಿಕವಾಗಿ ಪೋಲೆಂಡಿಗೆ ಸ್ಥಳಾಂತರಿಸಿದ್ದರು. ಸುಮಾರು 20 ಸಾವಿರ ಭಾರತೀಯರಿದ್ದ ದೇಶಕ್ಕೆ, ಮಾಮೂಲಿ ದಿನಗಳ ಕೆಲಸಕ್ಕೆಂದು ಇಟ್ಟಷ್ಟೇ ಸಿಬ್ಬಂದಿ ಇತ್ತು. ಯುದ್ಧ ಹತ್ತಿದಾಗ ರಷ್ಯನ್ ಬಲ್ಲವರನ್ನು ಬೇರೆಡೆಯಿಂದ ಕರೆಸಬೇಕಾಯಿತು, ನೆರೆಯ ದೇಶಗಳಿಗೆ ನಾಲ್ವರು ಕೇಂದ್ರ ಸಚಿವರನ್ನೇ ಕಳಿಸಬೇಕಾಯಿತು. ಆಪರೇಷನ್ ಗಂಗಾ ಎಂಬ ತೆರವು ಕಾರ್ಯಾಚರಣೆ ಅಷ್ಟೊಂದು ಜನರನ್ನು ಕರೆತಂದದ್ದು ಸಣ್ಣ ಕೆಲಸವಲ್ಲ. ಆದರೆ ಅದು ನಡೆದದ್ದು ಎರವಲು ಸಿಬ್ಬಂದಿಯಿಂದ.

ಪಾಸ್‌ಪೋರ್ಟ್ ನವೀಕರಣ, ಪ್ರಮಾಣಪತ್ರಗಳ ದೃಢೀಕರಣದಂಥ ಕೆಲಸವನ್ನು ಅನೇಕ ದೇಶಗಳಲ್ಲಿ ಹೊರಗುತ್ತಿಗೆ ಕಂಪನಿಗಳಿಗೆ ಕೊಟ್ಟಿದ್ದಾರೆ. ಕೌಂಟರಿನ ಕೆಲಸಕ್ಕೆ ಅದು ಸಾಕು. ಜೈಲಿಗೆ ಹೋಗಿ ಕೈದಿಯನ್ನು ಕಾಣುವುದು, ಸಂಬಳ ಕೊಡದ ಮಾಲೀಕನ ಮೇಲೆ ಅಲ್ಲಿನ ಕಾರ್ಮಿಕ ಇಲಾಖೆಯಲ್ಲಿ ಮಾತಾಡುವುದು ಗುತ್ತಿಗೆದಾರರ ಕೈಲಾಗದು.

ಇಲ್ಲಿಂದ ಹೋಗುವವರು ನೋಡಿಕೊಳ್ಳಬೇಕಾದದ್ದು

ಅಧಿಕಾರಿ ಕಡಿಮೆ ಇರುವ ಕಡೆ ಕಡತ ಸರಿಯಿಲ್ಲದವರು ಹಿಂದೆ ಬೀಳುತ್ತಾರೆ.

ಕೊಲ್ಲಿ ದೇಶಗಳಿಗೆ ಕೂಲಿ, ಚಾಲನೆ, ಮನೆಗೆಲಸಕ್ಕೆ ಹೋಗುವವರಿಗೆ ಇದು ಇನ್ನೂ ಮುಖ್ಯ. ಎಸ್‌ಎಸ್‌ಎಲ್‌ಸಿ ಪಾಸಾಗದವರ ಪಾಸ್‌ಪೋರ್ಟಿಗೆ ಸಾಮಾನ್ಯವಾಗಿ ಇಸಿಆರ್ (ವಲಸೆಗೆ ಅನುಮತಿ ಬೇಕು) ಗುರುತು ಇರುತ್ತದೆ. 18 ದೇಶಗಳಿಗೆ ಅವರು ಕೆಲಸಕ್ಕೆ ಹೋಗಲು ಇ-ಮೈಗ್ರೇಟ್ ಎಂಬ ಸರ್ಕಾರಿ ಪೋರ್ಟಲ್ ಮೂಲಕ ಅನುಮತಿ ಬೇಕು. ನೋಂದಾಯಿತ ಏಜೆಂಟರು ತೆಗೆದುಕೊಳ್ಳಬಹುದಾದ ಸೇವಾ ಶುಲ್ಕದ ಮಿತಿ 30 ಸಾವಿರ ರೂಪಾಯಿ ಮತ್ತು ಜಿಎಸ್‌ಟಿ. ಪ್ರವಾಸಿ ವೀಸಾದಲ್ಲಿ ಕಳಿಸಿ ಅಲ್ಲಿ ಬದಲಾಯಿಸಿ ಕೊಡುತ್ತೇವೆ ಎನ್ನುವವರ ಕೈಗೆ ಬಿದ್ದವರ ಹೆಸರು ಈ ವ್ಯವಸ್ಥೆಯಲ್ಲಿ ಎಲ್ಲೂ ದಾಖಲಾಗಿರುವುದಿಲ್ಲ. ತೊಂದರೆಯಾದಾಗ ರಾಯಭಾರ ಕಚೇರಿಯವರು ಮಾಲೀಕ ಯಾರು, ಕ್ಯಾಂಪ್ ಎಲ್ಲಿ ಎಂದು ಹುಡುಕುವುದರಲ್ಲೇ ದಿನ ಕಳೆಯುತ್ತವೆ. ಪಾಸ್‌ಪೋರ್ಟ್, ವೀಸಾ, ಕೆಲಸದ ಕರಾರು, ಮಾಲೀಕನ ಹೆಸರು-ವಿಳಾಸ ಇವುಗಳ ಪ್ರತಿ ಗದಗದಲ್ಲೋ ಹಾನಗಲ್ಲಿನಲ್ಲೋ ಇರುವ ಮನೆಯವರ ಬಳಿ ಇದ್ದರೆ, ಸಚಿವಾಲಯದ ಮದದ್ ಪೋರ್ಟಲಿನಲ್ಲಿ ದೂರು ಹಾಕುವುದು ಹತ್ತು ನಿಮಿಷದ ಕೆಲಸ. ಮರಣದ ಸಂದರ್ಭದಲ್ಲಿ ಶರೀರವನ್ನು ಯಾರಿಗೆ ಒಪ್ಪಿಸಬೇಕು ಎಂಬ ವಾರಸುದಾರರ ಒಪ್ಪಿಗೆ ಪತ್ರ ತಡವಾದಷ್ಟೂ ಅಲ್ಲಿನ ಶವಾಗಾರದಿಂದ ಹೊರಡುವುದೂ ತಡ.

ಅಮೆರಿಕದ ವೀಸಾಕ್ಕೆ ಬಂದರೆ, ನಮ್ಮ ಭಾಗದಲ್ಲಿ ಹೆಸರಿನ ತೊಡಕೇ ದೊಡ್ಡದು. ಅಂಕಪಟ್ಟಿಯಲ್ಲಿ ತಂದೆಯ ಹೆಸರಿನ ಇನಿಷಿಯಲ್, ಆಧಾರಿನಲ್ಲಿ ಅಡ್ಡಹೆಸರು, ಪಾಸ್‌ಪೋರ್ಟಿನ ಸರ್‌ನೇಮ್ ಜಾಗ ಖಾಲಿ. ಸರ್‌ನೇಮ್ ಇಲ್ಲದಿದ್ದರೆ ಇಡೀ ಹೆಸರನ್ನು ಸರ್‌ನೇಮ್ ಎಂದು ಬರೆದು, ಮೊದಲ ಹೆಸರಿನ ಜಾಗದಲ್ಲಿ ಎಫ್‌ಎನ್‌ಯು (ಮೊದಲ ಹೆಸರು ಗೊತ್ತಿಲ್ಲ) ಎಂದು ಅಚ್ಚು ಹಾಕುತ್ತಾರೆ. ಅದು ಅಲ್ಲಿನ ಬ್ಯಾಂಕು, ಲೈಸೆನ್ಸು ಎಲ್ಲ ಕಡೆಗೂ ಅಂಟಿಕೊಳ್ಳುತ್ತದೆ. ಹುಬ್ಬಳ್ಳಿಯ ಪಾಸ್‌ಪೋರ್ಟ್ ಸೇವಾ ಕೇಂದ್ರದಲ್ಲಿ ಮೊದಲೇ ಸರಿಪಡಿಸಿಕೊಳ್ಳುವುದು ಎಷ್ಟೋ ಸುಲಭ. ಎಚ್-4ಕ್ಕೆ ಮದುವೆಯ ಫೋಟೋ, ಕಲ್ಯಾಣ ಮಂಟಪದ ರಸೀದಿ ನೆಚ್ಚಿ ಕೂರಬಾರದು, ಉಪನೋಂದಣಾಧಿಕಾರಿ ಕೊಟ್ಟ ವಿವಾಹ ಪ್ರಮಾಣಪತ್ರ ಇರಬೇಕು, ಅದರಲ್ಲಿನ ಅಕ್ಷರಗಳು ಪಾಸ್‌ಪೋರ್ಟಿಗೆ ಹೊಂದಬೇಕು.

ಡಿಎಸ್-160 ಎಂಬ ವೀಸಾ ಅರ್ಜಿ ಕಳೆದ ಐದು ವರ್ಷದಲ್ಲಿ ಬಳಸಿದ ಜಾಲತಾಣಗಳ ಖಾತೆಯ ಹೆಸರು ಕೇಳುತ್ತದೆ. ಮರೆತ ಹಳೆಯ ಖಾತೆ ಪರಿಶೀಲನೆಯಲ್ಲಿ ಸಿಕ್ಕರೆ ಕಡತ 221(ಜಿ) ಎಂಬ ತಡೆಗೆ ಹೋಗಬಹುದು, ಅದಕ್ಕೆ ಕಾಲಮಿತಿಯಿಲ್ಲ. ಅರ್ಜಿ ತಿದ್ದಿ ಹೊಸದಾಗಿ ಸಲ್ಲಿಸಿದರೆ ಹೊಸ ಬಾರ್‌ಕೋಡ್ ಸಂಖ್ಯೆಯನ್ನು ಅಪಾಯಿಂಟ್‌ಮೆಂಟ್ ಖಾತೆಯಲ್ಲೂ ಬದಲಿಸಬೇಕು, ಇಲ್ಲದಿದ್ದರೆ ಬಾಗಿಲಿನಿಂದಲೇ ವಾಪಸ್. ತುರ್ತು ಸಂದರ್ಶನ ಕೇಳಲು ಮೊದಲು ಮಾಮೂಲಿ ದಿನಾಂಕ ಕಾದಿರಿಸಿರಬೇಕು. ಸಾವು, ಚಿಕಿತ್ಸೆಯಂಥ ಕಾರಣಕ್ಕೆ ಪರಿಗಣಿಸುತ್ತಾರೆ, ಮದುವೆಗೆ ಇಲ್ಲ. 2025ರ ಜನವರಿಯಿಂದ ಅರ್ಜಿದಾರರು ತಾವಾಗಿ ದಿನಾಂಕ ಬದಲಿಸಲು ಒಂದೇ ಅವಕಾಶ, ಎರಡನೇ ಸಲ ಶುಲ್ಕ ಮತ್ತೆ ಕಟ್ಟಬೇಕು.

ಈಗಾಗಲೇ ಊರಿನಲ್ಲಿ ಸಿಕ್ಕಿಬಿದ್ದವರು ಇಲ್ಲಿಂದಲೇ ಲ್ಯಾಪ್‌ಟಾಪ್ ತೆರೆದು ಕೆಲಸ ಮಾಡುವ ಮುನ್ನ ಕಂಪನಿಯಿಂದ ಲಿಖಿತ ಒಪ್ಪಿಗೆ ಪಡೆಯಬೇಕು. ಭಾರತದಲ್ಲಿ ಕೂತು ಮಾಡಿದ ಕೆಲಸದ ಸಂಬಳಕ್ಕೆ ಇಲ್ಲಿ ತೆರಿಗೆಯ ಪ್ರಶ್ನೆ ಏಳುತ್ತದೆ, ಕೆಲವು ತಂತ್ರಜ್ಞಾನವನ್ನು ಅಮೆರಿಕದ ಹೊರಗಿನಿಂದ ಮುಟ್ಟುವಂತಿಲ್ಲ. ನೌಕರಿ ಹೋದರೆ ಅಮೆರಿಕದೊಳಗಿನವರಿಗೆ ಸಿಗುವ 60 ದಿನಗಳ ಕಾಲಾವಕಾಶ ಹೊರಗಿದ್ದವರ ಉಪಯೋಗಕ್ಕೆ ಬಾರದು. ಜೊತೆಗೆ ಅಲ್ಲಿ ಹುಟ್ಟಿದ ಮಗು ಇದ್ದರೆ ಅದರ ಪಾಸ್‌ಪೋರ್ಟ್ ಅಮೆರಿಕದ್ದು. ಒಸಿಐ (ಸಾಗರೋತ್ತರ ಭಾರತೀಯ ನಾಗರಿಕ) ಕಾರ್ಡ್ ಮಾಡಿಸದೆ ವೀಸಾದಲ್ಲಿ ಕರೆತಂದಿದ್ದರೆ ಆ ವೀಸಾ ಎಂದಿಗೆ ಮುಗಿಯುತ್ತದೆ ಎಂದು ಇವತ್ತೇ ತೆಗೆದು ನೋಡಬೇಕು. ಅಜ್ಜನ ಮನೆಯಲ್ಲಿದ್ದರೂ ಕಾಗದದ ಮಟ್ಟಿಗೆ ಅದು ವಿದೇಶಿ ಪ್ರಜೆ, ಅವಧಿ ವಿಸ್ತರಣೆಗೆ ಬೆಂಗಳೂರಿನ ವಿದೇಶಿಯರ ನೋಂದಣಿ ಕಚೇರಿಗೆ (ಎಫ್‌ಆರ್‌ಆರ್‌ಒ) ಆನ್‌ಲೈನ್ ಅರ್ಜಿ ಹಾಕಬೇಕಾಗುತ್ತದೆ.